ಕಾಲವನ್ನು ನೇಯುವ ಹೆಂಗಸರು

ಮಹಾಭಾರತವನ್ನು ಮೊದಲ ಪುಟದಿಂದ ಓದಿ ಮುಗಿಸಿಯೇ ತೀರುತ್ತೇನೆಂದು ಸಂಕಲ್ಪ ಮಾಡಿ ಕುಳಿತವರು ಹೆಚ್ಚಾಗಿ ಆದಿಪರ್ವದ ಪೌಷ್ಯ ಪ್ರಕರಣದಲ್ಲಿಯೇ ಬೇಸತ್ತು ಪುಸ್ತಕ ಮುಚ್ಚುತ್ತಾರೆ. ಅಲ್ಲಿ ಪಾಂಡವರಿಲ್ಲ, ಕೌರವರಿಲ್ಲ, ದ್ರೌಪದಿಯ ಸುಳಿವೂ ಇಲ್ಲ. ಉತ್ತಂಕನೆಂಬ ಒಬ್ಬ ಶಿಷ್ಯ, ವೇದನೆಂಬ ಅವನ ಗುರು, ಗುರುಪತ್ನಿ, ಒಂದು ಜೊತೆ ಕರ್ಣಕುಂಡಲ, ಇಷ್ಟೇ. ಆದರೆ ಇಡೀ ಮಹಾಭಾರತದಲ್ಲಿ ನನ್ನ ಮನಸ್ಸನ್ನು ಬಹುಕಾಲ ಹಿಡಿದಿಟ್ಟುಕೊಂಡ ಒಂದು ಚಿತ್ರ ಇರುವುದು ಅಲ್ಲಿಯೇ.

ವಿದ್ಯೆ ಮುಗಿಸಿದ ಉತ್ತಂಕ ಗುರುದಕ್ಷಿಣೆ ಏನು ಕೊಡಲೆಂದು ಕೇಳುತ್ತಾನೆ. ಗುರು, 'ಒಳಗೆ ಹೋಗಿ ಗುರುಪತ್ನಿಯನ್ನು ಕೇಳು' ಎನ್ನುತ್ತಾನೆ. (ಎಲ್ಲ ಕಾಲದ ಗಂಡಸರ ಉತ್ತರವೂ ಇದೇ!) ಆಕೆ ಪೌಷ್ಯರಾಜನ ರಾಣಿಯ ಕಿವಿಯಲ್ಲಿರುವ ಕುಂಡಲಗಳು ಬೇಕು, ನಾಲ್ಕನೆಯ ದಿನದ ವ್ರತಕ್ಕೆ ಅವನ್ನು ತೊಟ್ಟುಕೊಂಡು ಬಡಿಸಬೇಕು ಎನ್ನುತ್ತಾಳೆ. ಉತ್ತಂಕ ಹೋಗಿ ಬೇಡಿ ತರುತ್ತಾನೆ. ದಾರಿಯಲ್ಲಿ ಅವನ್ನು ನೆಲದ ಮೇಲಿಟ್ಟು ನೀರಿಗಿಳಿದಾಗ ತಕ್ಷಕ ಕದ್ದೊಯ್ದು ಬಿಲ ಸೇರುತ್ತಾನೆ. ಉತ್ತಂಕ ಬಿಲ ಅಗೆದುಕೊಂಡು ನಾಗಲೋಕಕ್ಕೆ ಇಳಿಯುತ್ತಾನೆ. ನಾಗರನ್ನು ಎಷ್ಟು ಸ್ತುತಿಸಿದರೂ ಕುಂಡಲ ಸಿಗುವುದಿಲ್ಲ. ಏನು ಮಾಡಬೇಕೆಂದು ತೋಚದೆ ನಿಂತಾಗ ಅವನ ಕಣ್ಣಿಗೆ ಬೀಳುತ್ತಾರೆ ಇಬ್ಬರು ಹೆಂಗಸರು. ಮಗ್ಗದ ಮುಂದೆ ಕುಳಿತು ಬಟ್ಟೆ ನೇಯುತ್ತಿದ್ದಾರೆ. ಆ ಮಗ್ಗದಲ್ಲಿ ಇರುವುದು ಕಪ್ಪು ಎಳೆ ಮತ್ತು ಬಿಳಿ ಎಳೆ. ಪಕ್ಕದಲ್ಲಿ ಹನ್ನೆರಡು ಅರಗಳ ಒಂದು ಚಕ್ರ; ಆರು ಮಂದಿ ಹುಡುಗರು ಅದನ್ನು ತಿರುಗಿಸುತ್ತಿದ್ದಾರೆ.

ಕುಂಡಲ ಸಿಕ್ಕು, ವ್ರತದ ಹೊತ್ತಿಗೆ ಸರಿಯಾಗಿ ಬಂದು ಗುರುಪತ್ನಿಗೆ ಒಪ್ಪಿಸಿದ ಮೇಲೆ ಉತ್ತಂಕ ತಾನು ಕಂಡದ್ದರ ಅರ್ಥ ಕೇಳುತ್ತಾನೆ. ಗುರು ಹೇಳುತ್ತಾನೆ: ಕಪ್ಪು ಎಳೆ ರಾತ್ರಿ, ಬಿಳಿ ಎಳೆ ಹಗಲು. ಚಕ್ರವೆಂದರೆ ಸಂವತ್ಸರ, ಹುಡುಗರು ಆರು ಋತುಗಳು. ಆ ಹೆಂಗಸರು ಧಾತೃ ಮತ್ತು ವಿಧಾತೃ, ಅಂದರೆ ಜಗತ್ತನ್ನು ಹೊತ್ತವರು, ಅದಕ್ಕೆ ವಿಧಿ ಹಾಕಿದವರು. ನಾವು ಬದುಕುತ್ತಿರುವ ಕಾಲವನ್ನು, ನಮಗೆ ನಿಜವೆಂದು ತೋರುವ ಈ ಪ್ರಪಂಚವನ್ನು, ಪಾತಾಳದಲ್ಲಿ ಯಾರ ಕಣ್ಣಿಗೂ ಬೀಳದೆ ಕುಳಿತ ಇಬ್ಬರು ನೇಯುತ್ತಿದ್ದಾರೆ ಎಂದಾಯಿತು.

ಧಾತೃ, ವಿಧಾತೃ ಎಂಬುವು ಗಂಡು ದೇವತೆಗಳ ಹೆಸರುಗಳು. ವಿಧಾತ ಎಂದರೆ ನಾವೆಲ್ಲ ಗಡ್ಡ ಬಿಟ್ಟ ಬ್ರಹ್ಮನನ್ನೇ ನೆನೆಯುತ್ತೇವೆ. ಕಣ್ಣಿಗೆ ಕಂಡವರು ಹೆಂಗಸರು, ವಿವರಣೆಯಲ್ಲಿ ಬಂದ ಹೆಸರು ಗಂಡಸರದು. ಕಥೆ ಹೇಳಿದವರಿಗೆ ಇದು ವಿಚಿತ್ರವೆನಿಸಲಿಲ್ಲವೋ ಏನೋ, ನನಗಂತೂ ಅಲ್ಲೊಂದು ಗಂಟು ಇದೆ ಎನಿಸಿತು. ಆ ಗಂಟನ್ನು ಬಿಚ್ಚುತ್ತ ಹೋದಾಗ ಸಿಕ್ಕ ಎಳೆಗಳನ್ನೇ ಇಲ್ಲಿ ಹೇಳುತ್ತಿದ್ದೇನೆ.

ಮೊದಲು ಈ ಚಿತ್ರ ಎಷ್ಟು ಹಳೆಯದು ನೋಡಿ. ಋಗ್ವೇದದ ಎರಡನೆಯ ಮಂಡಲದಲ್ಲಿಯೇ ಉಷೆ ಮತ್ತು ರಾತ್ರಿ ಎಂಬ ಇಬ್ಬರನ್ನು ಎಳೆದು ಕಟ್ಟಿದ ನೂಲನ್ನು ಕೂಡಿ ನೇಯುವ ನೇಕಾರತಿಯರಿಗೆ ಹೋಲಿಸಿದೆ. ಅಥರ್ವವೇದದ ಸ್ಕಂಭಸೂಕ್ತದಲ್ಲಿ ಬಣ್ಣ ಬೇರೆ ಬೇರೆಯಾದ ಇಬ್ಬರು ತರುಣಿಯರು ಆರು ಗೂಟಗಳ ಮಗ್ಗದ ಸುತ್ತ ಸುಳಿಯುತ್ತಾರೆ. ಒಬ್ಬಳು ಎಳೆ ಎಳೆಯುತ್ತಾಳೆ, ಇನ್ನೊಬ್ಬಳು ಕೂಡಿಸುತ್ತಾಳೆ, ಬಟ್ಟೆ ಮುಗಿಯುವುದೇ ಇಲ್ಲ. ಎಷ್ಟು ಚೆನ್ನಾಗಿದೆಯಲ್ಲ! ಆದರೆ ಅದರ ಮುಂದಿನ ಮಂತ್ರವನ್ನು ಓದಿದರೆ, ಅದನ್ನು ನೇಯುವವನು ಒಬ್ಬ ಪುರುಷ ಎಂದು ಬರುತ್ತದೆ. ಒಂದೇ ಒಂದು ಮಂತ್ರದ ಅಂತರದಲ್ಲಿ ಮಗ್ಗ ಕೈ ಬದಲಾಯಿಸಿತು.

ನಮ್ಮಲ್ಲಿ ಮಾತ್ರ ಹೀಗೆ ಎಂದುಕೊಳ್ಳಬೇಡಿ. ಗ್ರೀಕರಲ್ಲಿ ಮೂವರು ಸೋದರಿಯರಿದ್ದರು: ಕ್ಲೋತೋ, ಲಾಕೆಸಿಸ್, ಆಟ್ರೊಪೋಸ್. ಕವಿ ಹೆಸಿಯಡ್ ಅವರ ಹೆಸರು ಹೇಳಿದ್ದಾನೆ. ಕ್ಲೋತೋ ಎಂದರೆ ನೂಲುವವಳು ಎಂದೇ ಅರ್ಥ. ಒಬ್ಬಳು ಮನುಷ್ಯನ ಆಯುಷ್ಯದ ನೂಲು ತೆಗೆಯುತ್ತಾಳೆ, ಒಬ್ಬಳು ಅಳೆಯುತ್ತಾಳೆ, ಒಬ್ಬಳು ಕತ್ತರಿಸುತ್ತಾಳೆ. ಕ್ರಿಸ್ತಪೂರ್ವ ನಾಲ್ಕನೆಯ ಶತಮಾನದಲ್ಲಿ ಪ್ಲೇಟೋ ತನ್ನ 'ರಿಪಬ್ಲಿಕ್' ಗ್ರಂಥದ ಕೊನೆಯಲ್ಲಿ ಇವರನ್ನೇ ತಂದು ಕೂರಿಸಿದ. ಅಲ್ಲಿ ಇಡೀ ಬ್ರಹ್ಮಾಂಡವೇ ಒಂದು ದೊಡ್ಡ ಕದಿರು. ಗ್ರಹಗಳೂ ನಕ್ಷತ್ರಗಳೂ ಆ ಕದಿರಿನ ಬಿಲ್ಲೆಯ ಸುತ್ತುಗಳಾಗಿ ತಿರುಗುತ್ತವೆ. ಆ ಮೂವರು ಸೋದರಿಯರು ಕದಿರಿಗೆ ಕೈಕೊಟ್ಟು ತಿರುಗಿಸುತ್ತ ಹಾಡುತ್ತಿರುತ್ತಾರೆ: ಲಾಕೆಸಿಸ್ ಭೂತವನ್ನು, ಕ್ಲೋತೋ ವರ್ತಮಾನವನ್ನು, ಆಟ್ರೊಪೋಸ್ ಭವಿಷ್ಯವನ್ನು.

ಇನ್ನೂ ಉತ್ತರಕ್ಕೆ ಹೋದರೆ, ಹಿಮದ ನಾಡಾದ ಐಸ್‌ಲೆಂಡಿನ ಹಳೆಯ ಹಾಡುಗಳಲ್ಲಿ ನಾರ್ನ್ ಎಂಬ ವಿಧಿದೇವತೆಯರು ಬರುತ್ತಾರೆ. ವೀರನೊಬ್ಬ ಹುಟ್ಟಿದ ರಾತ್ರಿ ಮನೆಗೆ ಬಂದು ಅವನ ಬದುಕಿನ ಹುರಿ ಹೊಸೆಯುತ್ತಾರೆ. ಆದರೆ ಅಲ್ಲಿನ ಒಂದು ಕಥೆ ಇದೆಲ್ಲಕ್ಕಿಂತ ಭಯಂಕರ. ಹದಿಮೂರನೆಯ ಶತಮಾನದ ಕೊನೆಯ ಭಾಗದಲ್ಲಿ ಬರೆದ 'ನ್ಯಾಲ್ಸ್ ಸಾಗಾ' ಎಂಬ ಗ್ರಂಥದಲ್ಲಿ ಅದು ಇದೆ. 1014ರ ಏಪ್ರಿಲ್ 23, ಶುಭ ಶುಕ್ರವಾರ, ಐರ್ಲೆಂಡಿನ ಡಬ್ಲಿನ್ ಬಳಿಯ ಕ್ಲಾಂಟಾರ್ಫ್‌ನಲ್ಲಿ ದೊಡ್ಡ ಯುದ್ಧ ನಡೆಯಿತು. ಇದು ಚರಿತ್ರೆ. ಐರಿಶ್ ರಾಜ ಬ್ರಯನ್ ಬೋರು ಆ ದಿನ ಗೆದ್ದು ಸತ್ತ. ಅದೇ ದಿನ ಬೆಳಿಗ್ಗೆ, ಸಮುದ್ರದ ಆಚೆ ಸ್ಕಾಟ್ಲೆಂಡಿನ ತುದಿಯಲ್ಲಿ ಒಬ್ಬಾತ ಹನ್ನೆರಡು ಮಂದಿ ಕುದುರೆ ಏರಿ ಬಂದು ಒಂದು ಮನೆ ಹೊಕ್ಕುದನ್ನು ಕಂಡನಂತೆ. ಕಿಟಕಿಯಲ್ಲಿ ಇಣುಕಿ ನೋಡಿದರೆ ಒಳಗೆ ಹೆಂಗಸರು ನೇಯುತ್ತಿದ್ದಾರೆ. ಹಾಸು ಬಿಗಿಯಾಗಿರಲೆಂದು ತೂಗುಹಾಕಿದ ಗುಂಡುಗಳು ಗಂಡಸರ ತಲೆಗಳು! ಎಳೆಗಳು ಕರುಳು. ನೇಯ್ಗೆ ಬಡಿಯುವ ಹಲಗೆ ಕತ್ತಿ, ಲಾಳಿಯ ಜಾಗದಲ್ಲಿ ಬಾಣ. ಡಬ್ಲಿನ್ನಿನಲ್ಲಿ ಯಾರು ಬದುಕಬೇಕು, ಯಾರು ಸಾಯಬೇಕು ಎಂಬುದು ಅಲ್ಲಿ ನೇಯ್ಗೆಯಾಗುತ್ತಿದೆ. ಕೆಲಸ ಮುಗಿದ ಮೇಲೆ ಬಟ್ಟೆಯನ್ನು ಹರಿದು ತುಂಡುತುಂಡಾಗಿ ಹಂಚಿಕೊಂಡು, ಆರು ಮಂದಿ ದಕ್ಷಿಣಕ್ಕೆ, ಆರು ಮಂದಿ ಉತ್ತರಕ್ಕೆ ಕುದುರೆ ಓಡಿಸಿ ಹೊರಟುಹೋದರು.

ಈ ಕಥೆಯನ್ನು ಓದಿದಾಗ ನನ್ನ ಮನಸ್ಸು ನಿಂತದ್ದು ರಕ್ತದ ಮೇಲಲ್ಲ, ಕಿಟಕಿಯ ಮೇಲೆ. ಆ ಮನೆ ಹೆಂಗಸರು ನೂಲುವ ನೇಯುವ ಕೋಣೆ. ಗಂಡಸು ಅದರೊಳಗೆ ಹೋಗದೆ ಹೊರಗೆ ನಿಂತು ಇಣುಕುತ್ತಾನೆ. ಒಳಗಿನಿಂದ ಮಗ್ಗದ ಬಡಿತ ಕೇಳುತ್ತದೆ, ಹಾಡು ಕೇಳುತ್ತದೆ, ಏನು ಮಾತಾಡುತ್ತಾರೋ ತಿಳಿಯದು. ಹೊರಗಿನವನಿಗೆ ಅಷ್ಟು ಸಾಕು ಭಯಪಡಲು. ಕಾಲವನ್ನೂ ವಿಧಿಯನ್ನೂ ನೇಯುವ ಮಾಯಾವಿನಿಯರ ಕೂಟವೊಂದನ್ನು ಇಷ್ಟೊಂದು ದೇಶಗಳ ಜನ ಕಲ್ಪಿಸಿಕೊಂಡದ್ದು ಹೀಗೆಯೇ ಇರಬೇಕು. ಯಾರೂ ಅವರನ್ನು ಆಕಾಶದಿಂದ ಇಳಿಸಿ ತರಲಿಲ್ಲ. ದಿನವೂ ಕಣ್ಣೆದುರಿಗೆ ಕಾಣುತ್ತಿದ್ದ ಅಕ್ಕ, ಅವ್ವ, ಅತ್ತಿಗೆ, ಆಳುಮಗಳು, ಇವರ ಕೈಕೆಲಸವನ್ನು ನೋಡಿಯೇ ಕಟ್ಟಿದರು.

ಹಳೆಯ ಮನೆಗಳ ಅವಶೇಷ ಅಗೆದಲ್ಲೆಲ್ಲ ಇದರ ಗುರುತು ಸಿಗುತ್ತದೆ. ಬಟ್ಟೆ ಮಣ್ಣಾಗಿ ಹೋಗುತ್ತದೆ, ಮಗ್ಗದ ಮರ ಕೊಳೆಯುತ್ತದೆ, ಆದರೆ ಹಾಸು ಜಗ್ಗುವ ಮಣ್ಣಿನ ಗುಂಡುಗಳು, ಕದಿರಿನ ಬಿಲ್ಲೆಗಳು ಉಳಿಯುತ್ತವೆ. ಗ್ರೀಸಿನಲ್ಲಿ ಗುಂಡುಗಳು ರಾಶಿರಾಶಿಯಾಗಿ ಸಿಕ್ಕಿವೆ. ನಮ್ಮ ಹರಪ್ಪ, ಮೊಹೆಂಜೊದಾರೊ ಮನೆಗಳಲ್ಲಿ ಕದಿರಿನ ಬಿಲ್ಲೆಗಳು ಸಿಕ್ಕಿವೆ. ಮೊಹೆಂಜೊದಾರೊದ ಒಂದು ಬೆಳ್ಳಿ ಪಾತ್ರೆಗೆ ಅಂಟಿಕೊಂಡಿದ್ದ ಹತ್ತಿಬಟ್ಟೆಯ ಚೂರು ಪಾಠಪುಸ್ತಕಗಳಲ್ಲಿಯೂ ಬರುತ್ತದೆ. ಈ ಕೆಲಸ ಹೆಂಗಸರಿಗೇ ಏಕೆ ಬಂತು ಎಂಬುದಕ್ಕೆ ಎಲಿಜಬೆತ್ ವೇಲೆಂಡ್ ಬಾರ್ಬರ್ ಎಂಬ ಅಮೆರಿಕದ ವಿದುಷಿ 1994ರಲ್ಲಿ ಬಂದ ತಮ್ಮ ಪುಸ್ತಕದಲ್ಲಿ ಸರಳವಾದ ಉತ್ತರ ಎತ್ತಿ ಹೇಳಿದರು: ನೂಲುವುದು ನೇಯುವುದು ಮಗು ಅತ್ತಾಗ ಬಿಟ್ಟೆದ್ದು, ಮತ್ತೆ ಬಂದು ಬಿಟ್ಟಲ್ಲಿಂದ ಹಿಡಿಯಬಹುದಾದ ಕೆಲಸ. ಅದರಲ್ಲಿ ಮಗುವಿಗೆ ಅಪಾಯವಿಲ್ಲ, ಮನೆ ಬಿಟ್ಟು ದೂರ ಹೋಗಬೇಕಿಲ್ಲ. ತೊಟ್ಟಿಲನ್ನೂ ಒಲೆಯನ್ನೂ ನೋಡಿಕೊಳ್ಳುತ್ತ ಮಾಡಬಹುದು. ಓದಿ, 'ಇದಕ್ಕೆ ಪುಸ್ತಕ ಬೇಕಿತ್ತೆ?' ಎಂದುಕೊಂಡೆ. ಆದರೆ ಬೇಕಿತ್ತು. ಎಲ್ಲರಿಗೂ ಗೊತ್ತಿರುವುದನ್ನು ಯಾರೂ ಬರೆದಿಡುವುದಿಲ್ಲ.

ಮಧ್ಯಯುಗದ ಐಸ್‌ಲೆಂಡಿನಲ್ಲಿ ಉಣ್ಣೆಬಟ್ಟೆಯೇ ಹಣವಾಗಿತ್ತು. ವಾದ್ಮಾಲ್ ಎಂದು ಅದರ ಹೆಸರು. ಇಷ್ಟು ಮೊಳ ಬಟ್ಟೆಗೆ ಇಷ್ಟು ಎಂದು ಕಾನೂನಿನಲ್ಲಿಯೇ ಲೆಕ್ಕ. ದಂಡ, ತೆರಿಗೆ, ವ್ಯಾಪಾರ ಎಲ್ಲ ಅದರಲ್ಲಿ. ಅಂದರೆ ಆ ದೇಶದ ನಾಣ್ಯವನ್ನು ಟಂಕಿಸುತ್ತಿದ್ದವರು ಮನೆಯೊಳಗಿನ ಹೆಂಗಸರು! ಕಡಲುಗಳ್ಳರೆಂದು ಹೆಸರಾದ ವೈಕಿಂಗರ ಹಡಗುಗಳ ಪಟಗಳೂ ಅವರ ಹೆಂಗಸರು ನೂತು ನೇಯ್ದ ಉಣ್ಣೆಯವೇ. ಚರಿತ್ರೆಯಲ್ಲಿ ಹಡಗು ಏರಿದವರ ಹೆಸರುಗಳಿವೆ.

ನಮ್ಮ ದೇಶಕ್ಕೆ ಮರಳೋಣ. ನೂಲುವ ಹೆಣ್ಣುಮಕ್ಕಳ ಬಗ್ಗೆ ನಮ್ಮಲ್ಲಿ ಸವಿಸ್ತಾರವಾಗಿ ಬರೆದವನು ಕವಿಯಲ್ಲ, ಕೌಟಿಲ್ಯ. ಅವನ ಅರ್ಥಶಾಸ್ತ್ರ ಶತಮಾನಗಳ ಕಾಲ ಹೆಸರಷ್ಟೇ ಉಳಿದು ಕಣ್ಮರೆಯಾಗಿತ್ತು. ಮೈಸೂರಿನ ಓರಿಯಂಟಲ್ ಲೈಬ್ರರಿಗೆ ತಂಜಾವೂರು ಕಡೆಯ ಪಂಡಿತರೊಬ್ಬರು ತಂದುಕೊಟ್ಟ ತಾಳೆಗರಿಗಳಲ್ಲಿ ಅದನ್ನು ಗುರುತಿಸಿದವರು ಅಲ್ಲಿಯ ಗ್ರಂಥಪಾಲಕ ಆರ್. ಶಾಮಶಾಸ್ತ್ರಿಗಳು, 1905ರಲ್ಲಿ. 1909ರಲ್ಲಿ ಅಚ್ಚು ಮಾಡಿಸಿದರು, 1915ರಲ್ಲಿ ಇಂಗ್ಲಿಷ್ ಅನುವಾದ ಪ್ರಕಟವಾಯಿತು. ಮೈಸೂರಿಗೆ ಪ್ರವಾಸ ಹೋದಾಗಲೆಲ್ಲ ಮಕ್ಕಳನ್ನು ಅರಮನೆ, ಮೃಗಾಲಯ ತೋರಿಸಿ ಕರೆತರುತ್ತೇವೆ. ಆ ಕಟ್ಟಡವನ್ನೂ ಒಮ್ಮೆ ಹೊರಗಿನಿಂದಾದರೂ ತೋರಿಸಬೇಕು.

ಆ ಗ್ರಂಥದ ಎರಡನೆಯ ಅಧಿಕರಣದಲ್ಲಿ ಸೂತ್ರಾಧ್ಯಕ್ಷ, ಅಂದರೆ ನೂಲಿನ ಅಧಿಕಾರಿ, ಏನು ಮಾಡಬೇಕೆಂದು ಹೇಳಿದೆ. ಉಣ್ಣೆ, ನಾರು, ಹತ್ತಿ ಇವನ್ನು ನೂಲಲು ಯಾರನ್ನು ಹಚ್ಚಬೇಕು? ವಿಧವೆಯರು, ಅಂಗವಿಕಲ ಹೆಂಗಸರು, ಕನ್ಯೆಯರು, ಸನ್ಯಾಸಿನಿಯರು, ದಂಡ ಕಟ್ಟಲಾಗದೆ ದುಡಿದು ತೀರಿಸುವವರು, ವೇಶ್ಯೆಯರ ತಾಯಂದಿರು, ಅರಮನೆಯ ಮುದುಕಿ ದಾಸಿಯರು, ದೇವರ ಸೇವೆ ನಿಂತುಹೋದ ದೇವದಾಸಿಯರು. ಪಟ್ಟಿಯನ್ನು ಎರಡು ಸಲ ಓದಿ. ಯಾರಿಗೆ ಗಂಡನ ಆಸರೆ ಇಲ್ಲವೋ, ಯಾರಿಗೆ ಬೇರೆ ಗತಿಯಿಲ್ಲವೋ ಅವರೆಲ್ಲ ಅಲ್ಲಿದ್ದಾರೆ.

ಮುಂದಿನ ನಿಯಮಗಳು ಇನ್ನೂ ಸೂಕ್ಷ್ಮ. ಮನೆಯಿಂದ ಹೊರಗೆ ಬಾರದ ಹೆಂಗಸರಿಗೆ ದಾಸಿಯರ ಕೈಯಲ್ಲಿ ಕೆಲಸ ಕಳಿಸಬೇಕು. ತಾವೇ ನೂಲು ತಂದೊಪ್ಪಿಸುವವರು ಬೆಳಗಿನ ಜಾವದ ಮಬ್ಬಿನಲ್ಲಿ ಬರುತ್ತಾರೆ. ಆಗ ದೀಪ ಇರಬೇಕಾದದ್ದು ನೂಲು ನೋಡುವುದಕ್ಕೆ ಮಾತ್ರ. ಅಧಿಕಾರಿ ಅವಳ ಮುಖ ನೋಡಿದರೆ, ಕೆಲಸ ಬಿಟ್ಟು ಬೇರೆ ಮಾತಾಡಿದರೆ ಅವನಿಗೆ ದಂಡ. ಕೂಲಿ ಕೊಡಲು ತಡಮಾಡಿದರೂ ದಂಡ. ಚೆನ್ನಾಗಿ ನೂತವರಿಗೆ ತಲೆಗೆ ಹಚ್ಚಿಕೊಳ್ಳಲು ಎಣ್ಣೆ, ನೆಲ್ಲಿಯ ಪುಡಿ ಬಹುಮಾನ. ಎರಡು ಸಾವಿರ ವರ್ಷಗಳ ಹಿಂದೆ ಇಂಥ ನಿಯಮವೇ ಎಂದು ಆಶ್ಚರ್ಯಪಡುವಷ್ಟರಲ್ಲಿ ಇನ್ನೊಂದು ವಾಕ್ಯ ಬರುತ್ತದೆ. ಕೂಲಿ ತೆಗೆದುಕೊಂಡು ಕೆಲಸ ಮಾಡದವಳಿಗೆ ಶಿಕ್ಷೆ, ಶಾಮಶಾಸ್ತ್ರಿಗಳ ಅನುವಾದದ ಪ್ರಕಾರ, ಹೆಬ್ಬೆರಳು ಕತ್ತರಿಸುವುದು. ನೂಲುವವಳ ಹೆಬ್ಬೆರಳು! ಅದಿಲ್ಲದೆ ಎಳೆ ಹೊಸೆಯುವುದು ಹೇಗೆ?

ಪಾತಾಳದಲ್ಲಿ ಹಗಲಿರುಳನ್ನು ನೇಯುವ ಹೆಂಗಸರನ್ನು ಕಲ್ಪಿಸಿದ ನಾಡು ಇದೇ, ಬೆಳಗಿನ ಮಬ್ಬಿನಲ್ಲಿ ಮುಖ ಮರೆಸಿಕೊಂಡು ನೂಲು ಒಪ್ಪಿಸಲು ಬಂದ ವಿಧವೆಯನ್ನು ಕಂಡ ನಾಡೂ ಇದೇ.

ಆ ಪಟ್ಟಿಯ ಮೊದಲ ಹೆಸರು ವಿಧವೆ ಎಂದು ಓದಿದಾಗ ನನಗೆ ನಮ್ಮ ಅಜ್ಜಿ ನೆನಪಾದಳು. ಇಪ್ಪತ್ತಾರಕ್ಕೆ ಗಂಡನನ್ನು ಕಳೆದುಕೊಂಡು ಅಣ್ಣನ ಮನೆಗೆ ಬಂದವಳು. ಅವಳ ಸೊಂಟದಲ್ಲಿ ಸದಾ ಒಂದು ಹತ್ತಿಯ ಉಂಡೆ. ಲಕ್ಷಬತ್ತಿಯ ವ್ರತವನ್ನು ಅವಳು ತನಗಾಗಿ ಒಂದು ಸಲ, ಬೇರೆಯವರಿಗಾಗಿ ಎಷ್ಟೋ ಸಲ ಮಾಡಿದ್ದಳು. ಓಣಿಯಲ್ಲಿ ಮುತ್ತೈದೆಯರು ಯಾರಾದರೂ ವ್ರತ ಹಿಡಿದರೆ ಬತ್ತಿ ಹೊಸೆಯಲು ಅಜ್ಜಿ ಬೇಕು, ಕಾರ್ತಿಕದಲ್ಲಿ ಅದನ್ನು ತುಪ್ಪದಲ್ಲಿ ನೆನೆಸಿ ಗುಡಿಯಲ್ಲಿ ಹಚ್ಚುವಾಗ ಮುಂದೆ ನಿಲ್ಲಲು ಬೇಡ. ನಮ್ಮ ಮನೆಯಲ್ಲಿ ಆಗ ಗಡಿಯಾರ ಇದ್ದದ್ದು ದೊಡ್ಡಜ್ಜನ ಕೋಣೆಯಲ್ಲಿ. ಅಜ್ಜಿಯ ಗಡಿಯಾರ ಬೇರೆ. "ಒಂದು ನೂರು ಬತ್ತಿ ಆಗೂದ್ರಾಗ ಅನ್ನ ಆಗ್ತದ, ಮೂರು ನೂರಕ್ಕ ಬ್ಯಾಳಿ ಬೇಯ್ತದ" ಎನ್ನುತ್ತಿದ್ದಳು. ನಾವು ಮಕ್ಕಳು "ಅಜ್ಜೀ, ಸಾಲೀ ಬಿಡಾಕ ಎಷ್ಟು ಬತ್ತಿ?" ಎಂದು ಕಾಡುತ್ತಿದ್ದೆವು. ಅವಳು ಲೆಕ್ಕ ಹಾಕಿ ಹೇಳುತ್ತಿದ್ದಳು, ಹೆಚ್ಚು ಕಡಿಮೆ ಸರಿಯಾಗಿಯೇ ಇರುತ್ತಿತ್ತು.

ಅಂಥವಳಿಗೆ ಕಾಲವೆಂದರೆ ಬೆರಳ ಸಂದಿಯಲ್ಲಿ ಹೊಸೆದು ಪಕ್ಕಕ್ಕಿಡುವ ವಸ್ತು. ಮಹಾಭಾರತದ ಕವಿಗೂ ಅಂಥ ಒಬ್ಬ ಅಜ್ಜಿ ಇದ್ದಳೆಂದೇ ನನ್ನ ನಂಬಿಕೆ.

ನಮ್ಮಲ್ಲಿ ಕ್ರಮೇಣ ವಿಧಿಯ ಚಿತ್ರ ಮಗ್ಗದಿಂದ ಲೇಖನಿಗೆ ಬಂತು. ಈಗ ನಾವು ಹಣೆಬರಹ ಎನ್ನುತ್ತೇವೆ, ಬ್ರಹ್ಮಲಿಪಿ ಎನ್ನುತ್ತೇವೆ, ನೂಲು ಎನ್ನುವುದಿಲ್ಲ. ಮಗು ಹುಟ್ಟಿದ ಐದನೆಯದೋ ಆರನೆಯದೋ ರಾತ್ರಿ ಷಷ್ಠೀದೇವಿ, ನಮ್ಮ ಕಡೆಯ ಮಾತಿನಲ್ಲಿ ಸೆಟವಿ, ಬಂದು ಬರೆಯುತ್ತಾಳೆಂದು ತೊಟ್ಟಿಲ ಹತ್ತಿರ ಹಾಳೆ, ಲೇಖನಿ ಇಡುವ ಮನೆಗಳಿವೆ. ಅಲ್ಲಿಯೂ ಬರುವವಳು ಹೆಣ್ಣೇ. ಆದರೆ ಓದು ಬರಹ ಕಲಿಯಬಾರದೆಂದು ಹೆಣ್ಣುಮಕ್ಕಳನ್ನು ದೂರವಿಟ್ಟ ಕಾಲದಲ್ಲಿಯೂ ಬರೆಯುವ ದೇವಿ ಮಾತ್ರ ಹೆಣ್ಣಾಗಿ ಉಳಿದದ್ದು ತಮಾಷೆಯಲ್ಲವೇ? ಯುರೋಪಿನಲ್ಲಿ ಹದಿನಾಲ್ಕನೆಯ ಶತಮಾನದ ಹೊತ್ತಿಗೆ ಊರೂರ ಗೋಪುರಗಳಿಗೆ ಯಂತ್ರದ ಗಡಿಯಾರಗಳು ಬಂದವು. ಆಮೇಲೆ ಜಗತ್ತು ಒಂದು ಗಡಿಯಾರ, ದೇವರು ಅದನ್ನು ಮಾಡಿದ ಕುಶಲಕರ್ಮಿ ಎಂಬ ಹೋಲಿಕೆ ಬೆಳೆಯಿತು. 1802ರಲ್ಲಿ ವಿಲಿಯಂ ಪೇಲಿ ಎಂಬ ಪಾದ್ರಿ ಅದನ್ನೇ ಹಿಡಿದು ಒಂದು ಪುಸ್ತಕ ಬರೆದ. ಅಲ್ಲಿಗೆ ಕದಿರು ಹಿಡಿದ ಮೂವರು ಸೋದರಿಯರು ಅಟ್ಟ ಸೇರಿದರು.

ಇಷ್ಟು ಹೊತ್ತು ಹೇಳಿದ್ದೆಲ್ಲ ಹೆಂಗಸರ ಬಗ್ಗೆ ಬೇರೆಯವರು ಕಟ್ಟಿದ್ದು. ನೂಲಿನ ಮಾತನ್ನು ಹೆಣ್ಣೊಬ್ಬಳು ತಾನೇ ಎತ್ತಿ ಆಡಿದ್ದಿಲ್ಲವೇ? ಇದೆ. ಬೃಹದಾರಣ್ಯಕ ಉಪನಿಷತ್ತಿನ ಮೂರನೆಯ ಅಧ್ಯಾಯದಲ್ಲಿ, ವಿದೇಹದ ಜನಕನ ಸಭೆಯಲ್ಲಿ. ಅತಿ ಹೆಚ್ಚು ತಿಳಿದವನಿಗೆಂದು ಜನಕ ಕೊಂಬಿಗೆ ಚಿನ್ನ ಕಟ್ಟಿದ ಸಾವಿರ ಹಸುಗಳನ್ನು ನಿಲ್ಲಿಸಿದ್ದಾನೆ. ಯಾಜ್ಞವಲ್ಕ್ಯ ಯಾರನ್ನೂ ಕೇಳದೆ ಶಿಷ್ಯನಿಗೆ ಹೇಳಿ ಹಸುಗಳನ್ನು ಹೊಡೆಸಿಕೊಂಡು ಹೋಗಿಬಿಟ್ಟಿದ್ದಾನೆ. ಒಬ್ಬೊಬ್ಬರೇ ಪಂಡಿತರು ಎದ್ದು ಪ್ರಶ್ನೆ ಕೇಳಿ ಸೋತು ಕುಳಿತಿದ್ದಾರೆ. ಆಗ ವಚಕ್ನುವಿನ ಮಗಳು ಗಾರ್ಗಿ ಏಳುತ್ತಾಳೆ. ಈ ಎಲ್ಲವೂ ನೀರಿನಲ್ಲಿ ಹಾಸುಹೊಕ್ಕಾಗಿದೆಯಲ್ಲ, ನೀರು ಯಾವುದರಲ್ಲಿ ಹಾಸುಹೊಕ್ಕಾಗಿದೆ ಎಂದು ಕೇಳುತ್ತಾಳೆ. ಗಾಳಿಯಲ್ಲಿ ಎನ್ನುತ್ತಾನೆ. ಗಾಳಿ ಯಾವುದರಲ್ಲಿ? ಹೀಗೆ ಲೋಕದ ಮೇಲೆ ಲೋಕ. ಕೊನೆಗೆ ಬ್ರಹ್ಮಲೋಕ ಯಾವುದರಲ್ಲಿ ಎಂದಾಗ ಯಾಜ್ಞವಲ್ಕ್ಯ, 'ಗಾರ್ಗಿ, ಅತಿಯಾಗಿ ಕೇಳಬೇಡ, ನಿನ್ನ ತಲೆ ಉದುರೀತು' ಎಂದ. ಗಾರ್ಗಿ ಸುಮ್ಮನೆ ಕುಳಿತಳು.

ಸಂಸ್ಕೃತದಲ್ಲಿ ಅವಳು ಬಳಸಿದ್ದು ಓತ ಪ್ರೋತ ಎಂಬ ಮಾತು, ನಮ್ಮ ಹಾಸುಹೊಕ್ಕು. ಉದ್ದಕ್ಕೆ ಕಟ್ಟಿದ ಎಳೆ ಹಾಸು, ಲಾಳಿಯಲ್ಲಿ ಅಡ್ಡ ಹಾಯುವ ಎಳೆ ಹೊಕ್ಕು. ಈ ಮಾತನ್ನು ನಾವು ದಿನಾ ಆಡುತ್ತೇವೆ, ಮಗ್ಗದ ನೆನಪೇ ಇಲ್ಲದೆ. ಗಾರ್ಗಿ ನೇಯುತ್ತಿದ್ದಳೆಂದು ಎಲ್ಲಿಯೂ ಹೇಳಿಲ್ಲ. ಆದರೆ ಬಟ್ಟೆಯನ್ನು ತಿರುಗಿಸಿ ಹಿಂಬದಿ ನೋಡುವುದು, ಎಳೆ ಬಿಡಿಸಿ ನೋಡುವುದು, ಇದು ಯಾತರಿಂದ ಆಗಿದೆ, ಅದು ಯಾತರಿಂದ ಎಂದು ಬಿಡದೆ ಕೇಳುವುದು, ನೂಲಿನ ಕೆಲಸ ಹತ್ತಿರದಿಂದ ಬಲ್ಲವರ ಅಭ್ಯಾಸ. ಅವಳ ಬಳಿಕ ಎದ್ದ ಉದ್ದಾಲಕ ಆರುಣಿಯೂ ಲೋಕಗಳನ್ನು ಪೋಣಿಸಿದ ದಾರ ಯಾವುದು ಎಂದೇ ಕೇಳಿದ. ಅವಳು ಬಿಟ್ಟ ಎಳೆಯನ್ನೇ ಹಿಡಿದ ಹಾಗಿದೆ.

ಗಾರ್ಗಿ ಸುಮ್ಮನಾದ ಕಡೆಗೇ ಕಥೆ ನಿಲ್ಲಿಸುವವರು ಬಹಳ. ನಾನು ಓದಿದ ಶಾಲಾ ಪುಸ್ತಕದಲ್ಲೂ ಹಾಗೇ ಇತ್ತು: ಋಷಿಯ ಮಾತಿಗೆ ತಲೆಬಾಗಿ ಕುಳಿತ ವಿನಯವಂತೆ. ಆದರೆ ಉಪನಿಷತ್ತಿನಲ್ಲಿ ಅವಳು ಮತ್ತೆ ಏಳುತ್ತಾಳೆ! ಸಭೆಯ ಒಪ್ಪಿಗೆ ಕೇಳಿ, ಕಾಶಿಯದೋ ವಿದೇಹದ್ದೋ ವೀರಪುತ್ರ ಬಿಲ್ಲಿಗೆ ಹೆದೆ ಏರಿಸಿ ಎರಡು ಬಾಣ ಹಿಡಿದು ನಿಲ್ಲುವಂತೆ ಎರಡು ಪ್ರಶ್ನೆ ಹಿಡಿದು ನಿಂತಿದ್ದೇನೆ ಎನ್ನುತ್ತಾಳೆ. ತಲೆ ಉದುರುವ ಮಾತು ಕೇಳಿಯೂ ಎದ್ದವಳು ಆಕೆ. ಪ್ರಶ್ನೆ ಏನು? ಆಕಾಶದ ಮೇಲಿರುವುದು, ಭೂಮಿಯ ಕೆಳಗಿರುವುದು, ಇವೆರಡರ ನಡುವೆ ಇರುವುದು, ಮತ್ತು ಜನ ಯಾವುದನ್ನು ಆದದ್ದು, ಆಗುತ್ತಿರುವುದು, ಆಗಲಿರುವುದು ಎನ್ನುತ್ತಾರೋ ಅದು, ಇಷ್ಟೂ ಯಾವುದರಲ್ಲಿ ಹಾಸುಹೊಕ್ಕಾಗಿದೆ? ಭೂತ, ವರ್ತಮಾನ, ಭವಿಷ್ಯ. ಪ್ಲೇಟೋನ ಮೂವರು ಸೋದರಿಯರು ಹಾಡುತ್ತಿದ್ದುದನ್ನು ಇಲ್ಲಿ ಒಬ್ಬಳೇ ಹೆಣ್ಣುಮಗಳು ಪ್ರಶ್ನೆಯಾಗಿ ಕೇಳುತ್ತಿದ್ದಾಳೆ. ಕಾಲವನ್ನು ನೇಯುವವಳಾಗಿ ಪಾತಾಳದಲ್ಲಿ ಕೂರದೆ, ಅದು ಯಾವ ಮಗ್ಗದ ಮೇಲಿದೆ ತೋರಿಸು ಎಂದು ಸಭೆಯ ನಡುವೆ ನಿಂತವಳು.

ಆಕಾಶದಲ್ಲಿ ಎಂದು ಉತ್ತರ ಬಂತು. ಆಕಾಶ ಯಾವುದರಲ್ಲಿ ಎಂದಳು. ಅಕ್ಷರದಲ್ಲಿ, ನಾಶವಿಲ್ಲದುದರಲ್ಲಿ ಎಂದು ಯಾಜ್ಞವಲ್ಕ್ಯ ದೀರ್ಘವಾಗಿ ಹೇಳಿದ. ಆಮೇಲೆ ನಡೆದದ್ದನ್ನು ಗಮನಿಸಬೇಕು. ಸಭೆಯ ಬ್ರಾಹ್ಮಣರಿಗೆ ತೀರ್ಪು ಹೇಳಿದವಳು ಗಾರ್ಗಿ. ಇವನಿಗೆ ನಮಸ್ಕಾರ ಮಾಡಿ ಪಾರಾದರೆ ಅದೇ ದೊಡ್ಡದೆಂದು ತಿಳಿಯಿರಿ, ಇವನನ್ನು ಗೆಲ್ಲುವವರು ನಿಮ್ಮಲ್ಲಿಲ್ಲ ಎಂದಳು. ಮಾತು ಕೇಳದೆ ಮುಂದುವರಿದ ಶಾಕಲ್ಯನ ತಲೆ ನಿಜವಾಗಿಯೂ ಉದುರಿತು ಎಂದು ಕಥೆ.

ಈ ಭಾಗವನ್ನು ನಾನು ಪಾಠಕ್ಕೆ ಇಲ್ಲದಿದ್ದರೂ ಒಂಬತ್ತನೆಯ ತರಗತಿಗೆ ಪ್ರತಿವರ್ಷ ಹೇಳುತ್ತೇನೆ. ನಮ್ಮ ಶಾಲೆಗೆ ನೇಕಾರರ ಓಣಿಯಿಂದ ಬರುವ ಹುಡುಗಿಯರು ಬಹಳ. ನಮ್ಮ ಕಡೆ ಇಳಕಲ್ಲು, ಗುಳೇದಗುಡ್ಡ, ಗದಗಿನ ಬೆಟಗೇರಿ ಎಲ್ಲ ಮಗ್ಗದ ಊರುಗಳೇ. ಕೈಮಗ್ಗ ಕಡಿಮೆಯಾಗಿ ವಿದ್ಯುತ್ ಮಗ್ಗ ಹೆಚ್ಚಾಗಿದೆ, ಆದರೂ ಮಗ್ಗದ ಮುಂದೆ ಕೂರುವವನು ಸಾಮಾನ್ಯವಾಗಿ ಮನೆಯ ಯಜಮಾನ, ನೂಲು ಸಿದ್ಧ ಮಾಡುವವರು ಹೆಂಗಸರು. ಅಥರ್ವವೇದದ ಮುಂದಿನ ಮಂತ್ರದ ಹಾಗೆ! ಹಾಜರಿ ಪುಸ್ತಕದ ಮಾಹಿತಿ ತುಂಬುವಾಗ ತಂದೆಯ ಉದ್ಯೋಗ ಕೇಳಿದರೆ "ನೇಕಾರ್ರಿ" ಎಂದು ತಟ್ಟನೆ ಹೇಳುತ್ತಾರೆ. ಒಬ್ಬ ಹುಡುಗಿಯನ್ನು ಕೇಳಿದೆ.

"ನಿಮ್ಮ ಅವ್ವ ಏನ್ ಮಾಡ್ತಾರವಾ?"

"ಏನೂ ಇಲ್ರಿ ಟೀಚರ್, ಮನ್ಯಾಗ ಇರ್ತಾಳ್ರಿ."

"ಕಂಡಿಕಿ ಯಾರು ಸುತ್ತತಾರ?"

"ಅವ್ವನ ಸುತ್ತತಾಳ್ರಿ."

"ಇಳಕಲ್ ಸೀರಿಗೆ ಸೆರಗಿನ ಹಾಸು ಮೈಯಿನ ಹ���ಸಿಗೆ ಕೂಡಸಬೇಕಲ್ಲ, ಒಂದೊಂದ ಎಳಿ?"

"ಅದೂ ಅವ್ವನ್ರಿ. ಅಕ್ಕಾನೂ ಕುಂದರ್ತಾಳ್ರಿ."

ಬಲ್ಲವರಿಗೆ ಗೊತ್ತು, ಇಳಕಲ್ ಸೀರೆಯ ವಿಶೇಷವೇ ಆ ಕೂಡಿಕೆ. ಸೆರಗಿನ ಎಳೆಯನ್ನು ಮೈಯ ಎಳೆಯೊಳಗೆ ಕುಣಿಕೆಯಾಗಿ ಹಾಕಿ ಸಾವಿರಾರು ಎಳೆಗಳನ್ನು ಜೋಡಿಸುವುದು. ಟೋಪು ತೆನೆ ಎನ್ನುತ್ತಾರೆ. ಅದಿಲ್ಲದೆ ಮಗ್ಗ ಆಡುವುದೇ ಇಲ್ಲ. ಆ ಹುಡುಗಿಯ ಮುಂದೆಯೇ ತಾಯಿಯ ಉದ್ಯೋಗದ ಅಂಕಣದಲ್ಲಿ 'ನೇಕಾರ ಕೆಲಸ' ಎಂದು ಬರೆದೆ. ಮೇಲಿನ ಕಚೇರಿಯಿಂದ ಅದು ತಿದ್ದುಪಡಿಗಾಗಿ ತಿರುಗಿ ಬಂತು. ಹಾಗೆಯೇ ಬರೆದು ಮತ್ತೆ ಕಳಿಸಿದೆ. ಈಗ ಅಂಥ ಇಪ್ಪತ್ತಕ್ಕೂ ಹೆಚ್ಚು ಹೆಸರುಗಳ ಮುಂದೆ ಹಾಗೇ ಬರೆದಿದ್ದೇನೆ.

ಕನ್ನಡದಲ್ಲಿ ನೇಕಾರ ಭಕ್ತ ಎಂದೊಡನೆ ಎಲ್ಲರಿಗೂ ಮುದನೂರಿನ ದೇವರ ದಾಸಿಮಯ್ಯ ನೆನಪಾಗುತ್ತಾನೆ, ಆಗಬೇಕಾದದ್ದೇ. ಅವನ ಹೆಂಡತಿ ದುಗ್ಗಳೆಯೂ ವಚನಗಳನ್ನು ಹೇಳಿದವಳು. ಆದರೆ ನನಗೆ ಇಷ್ಟವಾದವಳು ಇನ್ನೊಬ್ಬಳು, ಕದಿರ ರೆಮ್ಮವ್ವೆ. ಅವಳ ಕಸುಬೇ ಅವಳ ಹೆಸರಾಗಿದೆ: ಕದಿರು ಹಿಡಿದು ನೂಲುವವಳು. ಸಿಕ್ಕಿರುವ ಅವಳ ವಚನಗಳು ಬೆರಳೆಣಿಕೆಯಷ್ಟು, ಅಂಕಿತ ಗುಮ್ಮೇಶ್ವರ. ಒಂದು ವಚನದಲ್ಲಿ ತಾನು ತಿರುಗಿಸುವ ರಾಟೆಯ ಕುಲ ಜಾತಿ ಯಾವುದೆಂದು ಕೇಳಿ ಎನ್ನುತ್ತಾಳೆ. ಕುಲ ಕೇಳುವವರಿಗೆ ಎಂಥ ಉತ್ತರ! ಅಡಿಯ ಹಲಗೆ ಬ್ರಹ್ಮ, ಮೇಲಿನ ತೋರಣ ವಿಷ್ಣು, ನಿಂತ ಬೊಂಬೆ ಮಹಾರುದ್ರ ಎಂದು ಒಂದೊಂದೇ ಭಾಗವನ್ನು ತೋರಿಸುತ್ತ ಹೋಗುತ್ತಾಳೆ. ಸೃಷ್ಟಿ ಸ್ಥಿತಿ ಲಯಗಳನ್ನೆಲ್ಲ ಮರದ ತುಂಡುಗಳಾಗಿ ಜೋಡಿಸಿ, ಭಕ್ತಿಯ ಕೈಯಲ್ಲಿ ತಿರುಗಿಸುತ್ತಾಳೆ. ಕೊನೆಗೆ, ನೂಲು ಸುತ್ತಿ ಕದಿರು ತುಂಬಿತು, ಇನ್ನು ರಾಟೆ ತಿರುಗಿಸಲಾರೆ, ಗಂಡ ಹೊಡೆಯುತ್ತಾನೆ, ಏನು ಮಾಡಲಿ ಎಂದು ತನ್ನ ದೇವರನ್ನು ಕೇಳಿ ನಿಲ್ಲಿಸುತ್ತಾಳೆ.

ಗಂಡನೆಂದರೆ ಇಲ್ಲಿ ಲಿಂಗಪತಿ, ಕದಿರು ತುಂಬುವುದೆಂದರೆ ಸಾಧನೆ ಮುಗಿಯುವುದು ಎಂದು ಅರ್ಥ ಮಾಡಬಹುದು. ಬ್ರಹ್ಮ ವಿಷ್ಣು ರುದ್ರರನ್ನು ರಾಟೆಗೆ ಜಡಿದವಳಿಗೆ ಆ ಅರ್ಥವೂ ಗೊತ್ತಿತ್ತು, ಬೆನ್ನಿನ ಮೇಲೆ ಬೀಳುವ ಪೆಟ್ಟೂ ಗೊತ್ತಿತ್ತು ಎಂದೇ ನಾನು ಓದಿಕೊಳ್ಳುತ್ತೇನೆ.

ಈ ವಚನ ಹೇಳಿದ ದಿನ ತರಗತಿಯಲ್ಲಿ ಒಬ್ಬಳು, ಕದಿರು ತುಂಬಿದರೆ ಒಳ್ಳೆಯದಲ್ಲವೇ, ಅಷ್ಟು ಕೆಲಸ ಆಯಿತಲ್ಲ, ಅವಳೇಕೆ ಹೆದರುತ್ತಾಳೆ ಎಂದು ಕೇಳಿದಳು. ನಾನು ಉತ್ತರ ಯೋಚಿಸುವ ಮೊದಲೇ ಹಿಂದಿನ ಬೆಂಚಿನ ನೇಕಾರರ ಹುಡುಗಿ ಎದ್ದು ನಿಂತಳು. "ತುಂಬಿದ ಮ್ಯಾಲ ನೂಲು ಇಳಿಸ್ಕೋಬೇಕಲ್ರಿ ಟೀಚರ್. ಇಳಿಸ್ಕೊಳ್ಳಾಕ ಇನ್ನೊಬ್ಬರು ಬೇಕು. ಯಾರೂ ಬರಲಿಲ್ಲಂದ್ರ ರಾಟಿ ನಿಂತ ಬಿಡತದ್ರಿ."